ಒಂದೇ ದೇಶ, ನಾಲ್ಕು ಚುಟುಕು ಹೆಸರು

ಕ್ರಿಕೆಟ್ ನಡೆಯುವಾಗ ಟಿವಿ ಪರದೆಯ ಮೂಲೆಯಲ್ಲಿ 'ಎಸ್‌ಎ' ಎಂದು ಕಂಡರೆ ದಕ್ಷಿಣ ಆಫ್ರಿಕಾ ಎಂದು ಚಿಕ್ಕ ಮಕ್ಕಳೂ ಹೇಳುತ್ತಾರೆ. ಅದೇ ದೇಶದವರು ಒಲಿಂಪಿಕ್ಸ್‌ಗೆ ಬಂದರೆ 'ಆರ್‌ಎಸ್‌ಎ' ಆಗುತ್ತಾರೆ. ಅವರ ದುಡ್ಡಿಗೆ 'ಝಡ್‌ಎಆರ್', ವಿಮಾನಕ್ಕೆ 'ಝಡ್‌ಎಸ್'. ಅಂತರ್ಜಾಲದ ವಿಳಾಸದ ಕೊನೆಗೆ ಕ್ರಿಕೆಟ್ ಅಭ್ಯಾಸಬಲದಿಂದ ಎಸ್‌ಎ ಎಂದು ಒತ್ತಿದಿರೋ, ಸೀದಾ ಸೌದಿ ಅರೇಬಿಯಾಕ್ಕೆ ಹೋಗಿ ನಿಲ್ಲುತ್ತೀರಿ. ಆ ಎರಡಕ್ಷರ ಅವರ ಪಾಲಾಗಿದೆ. ದಕ್ಷಿಣ ಆಫ್ರಿಕಾಕ್ಕೆ ಸಿಕ್ಕಿರುವುದು 'ಝಡ್‌ಎ'.

ಈ ಝಡ್ ಬಂದದ್ದು ಡಚ್ ಭಾಷೆಯ 'ಝೌಯ್ಡ್ ಆಫ್ರಿಕಾ'ದಿಂದ. ಝೌಯ್ಡ್ ಎಂದರೆ ದಕ್ಷಿಣ. ತಮಾಷೆಯೆಂದರೆ ಇಂದು ಅಲ್ಲಿರುವ ಹನ್ನೆರಡು ಅಧಿಕೃತ ಭಾಷೆಗಳಲ್ಲಿ ಡಚ್ ಇಲ್ಲ. ಅದರ ಮಗಳಾದ ಆಫ್ರಿಕಾನ್ಸ್ ಇದೆ, ಆದರೆ ಆಕೆ ಅದೇ ಪದವನ್ನು ಎಸ್‌ನಿಂದ ಬರೆಯುತ್ತಾಳೆ.

ಆರ್‌ಎಸ್‌ಎಯ ಮೊದಲಕ್ಷರದ ಕಥೆ ಇಷ್ಟು ಹಗುರವಲ್ಲ. ಆರ್ ಎಂದರೆ ರಿಪಬ್ಲಿಕ್, ಗಣರಾಜ್ಯ. 1960ರ ಅಕ್ಟೋಬರಿನಲ್ಲಿ ಬಿಳಿಯರು ಮಾತ್ರ ಮತ ಹಾಕಿದ ಜನಮತಗಣನೆಯಲ್ಲಿ ಗೆದ್ದು, 1961ರ ಮೇ 31ರಂದು ಹುಟ್ಟಿದ ಗಣರಾಜ್ಯ ಅದು. ಜೊತೆಯಲ್ಲೇ ಕಾಮನ್‌ವೆಲ್ತ್ ಬಿಟ್ಟದ್ದರಿಂದ, ಆಗಿನ ನಿಯಮದಂತೆ ಐಸಿಸಿ ಸದಸ್ಯತ್ವವೂ ಹೋಯಿತು. ಹಾಗಂತ ಆಟ ನಿಲ್ಲಲಿಲ್ಲ. ಇಂಗ್ಲೆಂಡ್, ಆಸ್ಟ್ರೇಲಿಯಾ, ನ್ಯೂಜಿಲೆಂಡ್ ತಂಡಗಳು ಏನೂ ಆಗದವರಂತೆ ಟೆಸ್ಟ್ ಆಡುತ್ತಲೇ ಇದ್ದವು. ಭಾರತ, ಪಾಕಿಸ್ತಾನ, ವೆಸ್ಟ್ ಇಂಡೀಸ್ ಜೊತೆ ಮಾತ್ರ ಅವರು ಅಲ್ಲಿಯವರೆಗೆ ಒಂದೂ ಟೆಸ್ಟ್ ಆಡಿರಲಿಲ್ಲ.

ಒಲಿಂಪಿಕ್ಸ್ ದಾಖಲೆ ಇನ್ನೂ ವಿಚಿತ್ರ. 1904ರ ಸೇಂಟ್ ಲೂಯಿಸ್ ಮ್ಯಾರಥಾನ್‌ನಲ್ಲಿ ಓಡಿದ ಲೆನ್ ತೌನ್ಯಾನೆ, ಯಾನ್ ಮಾಶಿಯಾನಿ ಇಬ್ಬರೂ ತ್ಸ್ವಾನಾ ಜನ, ಕಪ್ಪು ವರ್ಣದವರು. ಅಲ್ಲಿನ ವಿಶ್ವಮೇಳದ ಬೋಯರ್ ಯುದ್ಧ ಪ್ರದರ್ಶನಕ್ಕೆಂದು ಬಂದಿದ್ದವರು. ನಾಯಿ ಅಟ್ಟಿಸಿಕೊಂಡು ದಾರಿ ತಪ್ಪಿದ ತೌನ್ಯಾನೆ ಆದರೂ ಒಂಬತ್ತನೆಯವನಾದ, ಮಾಶಿಯಾನಿ ಹನ್ನೆರಡನೆಯವ. ಹೀಗೆ ಶುರುವಾದ ದೇಶ ಆಮೇಲೆ ಬಿಳಿಯರ ತಂಡವನ್ನೇ ಕಳಿಸಿತು. ಈ ವರ್ಣಭೇದ ನೀತಿಯಿಂದಾಗಿ 1964ರಲ್ಲಿ ಟೋಕಿಯೋ ಒಲಿಂಪಿಕ್ಸ್‌ನ ಆಹ್ವಾನ ರದ್ದಾಯಿತು, 1970ರಲ್ಲಿ ಒಲಿಂಪಿಕ್ ಸಮಿತಿಯಿಂದಲೇ ಉಚ್ಚಾಟನೆ. ಕ್ರಿಕೆಟ್ ಬಾಗಿಲೂ ಮುಚ್ಚಿತು, ಬ್ಯಾಟ್ಸ್‌ಮನ್ ಬ್ಯಾರಿ ರಿಚರ್ಡ್ಸ್ ನಾಲ್ಕೇ ಟೆಸ್ಟ್‌ಗಳಲ್ಲಿ 508 ರನ್ ಹೊಡೆದು ಮನೆಯಲ್ಲಿ ಕೂತರು. ಅವರಿಗಾಗಿ ಮರುಗುವವರು ಬಹಳ. ಆಡಲು ಒಂದು ಮೈದಾನವೂ ಸಿಗದೆ ಹೆಸರೇ ಉಳಿಯದವರ ಲೆಕ್ಕ ಇಟ್ಟವರು ಕಡಿಮೆ. 1974ರ ಡೇವಿಸ್ ಕಪ್ ಟೆನಿಸ್ ಫೈನಲ್ಲಿನಲ್ಲಿ ದಕ್ಷಿಣ ಆಫ್ರಿಕಾದೊಡನೆ ಆಡಲು ಭಾರತ ಒಪ್ಪಲಿಲ್ಲ, ಕಪ್ಪನ್ನೇ ಬಿಟ್ಟುಕೊಟ್ಟಿತು.

ಮತ್ತೆ ಕರೆದದ್ದೂ ನಾವೇ. 1991ರ ನವೆಂಬರ್ 10, ಕೋಲ್ಕತ್ತದ ಈಡನ್ ಗಾರ್ಡನ್ಸ್. ಅಲನ್ ಡೊನಾಲ್ಡ್ 29 ರನ್‌ಗೆ ಐದು ವಿಕೆಟ್ ಕಿತ್ತರೂ ಗೆದ್ದದ್ದು ಭಾರತ.

ಅಲ್ಲಿಂದ ಶುರುವಾದದ್ದು ಲೆಕ್ಕದ ಕಾಟ. 1992ರ ವಿಶ್ವಕಪ್ಪಿನಲ್ಲಿ ಇಂಗ್ಲೆಂಡ್ ವಿರುದ್ಧದ ಸಿಡ್ನಿ ಸೆಮಿಫೈನಲ್ಲಿನಲ್ಲಿ ಮಳೆ ಬಂದಾಗ 13 ಚೆಂಡಿಗೆ 22 ರನ್ ಬೇಕಿತ್ತು. ಎರಡು ಓವರ್ ಕಡಿತವಾಯಿತು. ಆಗಿನ ನಿಯಮದಂತೆ, ಎಷ್ಟು ಓವರ್ ಕಡಿತವೋ ಅಷ್ಟು ಓವರನ್ನು ಮೊದಲು ಆಡಿದವರ ಇನಿಂಗ್ಸ್‌ನಿಂದಲೂ ತೆಗೆಯಬೇಕು, ಅದೂ ಅತಿ ಕಡಿಮೆ ರನ್ ಬಂದವನ್ನು. ಇಂಗ್ಲೆಂಡಿನ ಅಂಥ ಎರಡು ಓವರ್‌ಗಳಲ್ಲಿ ಬಂದಿದ್ದು ಒಟ್ಟು ಒಂದು ರನ್. ಹಾಗಾಗಿ ಗುರಿ ಇಳಿದದ್ದು ಒಂದೇ ರನ್, ಉಳಿದದ್ದು ಒಂದೇ ಚೆಂಡು. ಫಲಕದಲ್ಲಿ 22 ಎಂದು ಬಿತ್ತು. ಸರಿಯಾದ ಲೆಕ್ಕ 21. ಚೆನ್ನಾಗಿ ಬೌಲ್ ಮಾಡಿದ್ದಕ್ಕೇ ಶಿಕ್ಷೆ!

ಈ ಅನ್ಯಾಯ ಸರಿಪಡಿಸಲು ಡಕ್ವರ್ತ್-ಲೂಯಿಸ್ ಎಂಬ ಹೊಸ ಲೆಕ್ಕದ ಪದ್ಧತಿ ಬಂತು. ಅದೂ ಅವರನ್ನೇ ಹಿಡಿಯಿತು. 2003ರ ವಿಶ್ವಕಪ್ಪಿನಲ್ಲಿ, ಡರ್ಬನ್‌ನಲ್ಲಿ ಶ್ರೀಲಂಕಾ ವಿರುದ್ಧ, ಮಳೆಯ ನಡುವೆ 45ನೇ ಓವರ್ ಮುಗಿಯುವ ಹೊತ್ತಿಗೆ 229 ಸಾಕೆಂಬ ಸಂದೇಶ ಹೋಯಿತು. ಮಾರ್ಕ್ ಬೌಚರ್ ಮುರಳೀಧರನ್‌ಗೆ ಸಿಕ್ಸರ್ ಎತ್ತಿ 229 ಮಾಡಿ, ಕೊನೆಯ ಚೆಂಡನ್ನು ನೆಮ್ಮದಿಯಿಂದ ತಟ್ಟಿಬಿಟ್ಟರು. ಡಕ್ವರ್ತ್-ಲೂಯಿಸ್ ಕೋಷ್ಟಕದಲ್ಲಿ ಇರುವುದು ಸಮಬಲದ ಅಂಕಿ. ಗೆಲ್ಲಲು ಒಂದು ಕೂಡಿಸಬೇಕು. ಪಂದ್ಯ ಟೈ, ಆತಿಥೇಯರು ವಿಶ್ವಕಪ್ಪಿನಿಂದ ಹೊರಗೆ.

ರಗ್ಬಿಯವರಿಗೆ ಇಂಥ ಗ್ರಹಚಾರವಿಲ್ಲ. 1995, 2007, 2019, 2023, ನಾಲ್ಕು ವಿಶ್ವಕಪ್. 1995ರಲ್ಲಿ ಮಂಡೇಲಾ 6ನೇ ನಂಬರಿನ ಜೆರ್ಸಿ ತೊಟ್ಟು ಕಪ್ ಕೊಟ್ಟ ತಂಡದಲ್ಲಿ ಬಿಳಿಯನಲ್ಲದ ಆಟಗಾರ ಚೆಸ್ಟರ್ ವಿಲಿಯಮ್ಸ್ ಒಬ್ಬರೇ. 2019ರಲ್ಲಿ ಅದೇ ನಂಬರ್ ತೊಟ್ಟು ಕಪ್ ಎತ್ತಿದ ನಾಯಕ ಕಪ್ಪು ವರ್ಣದ ಸಿಯಾ ಕೊಲಿಸಿ. ಗಣರಾಜ್ಯದ ಆರ್ ಎಲ್ಲರದೂ ಆದದ್ದು ಕಾನೂನಿನಲ್ಲಿ 1994ಕ್ಕೆ, ತಂಡದ ಪಟ್ಟಿಯಲ್ಲಿ ಇಷ್ಟು ತಡವಾಗಿ.

ಬೆಂಗಳೂರಿನವರಿಗೆ ಇವೆಲ್ಲಕ್ಕಿಂತ ಚೆನ್ನಾಗಿ ಗೊತ್ತಿರುವ ದಕ್ಷಿಣ ಆಫ್ರಿಕಾದ ಸಂಕ್ಷೇಪ ಎಬಿಡಿ. ಅಬ್ರಹಾಂ ಬೆಂಜಮಿನ್ ಎಂದು ಬಿಡಿಸಿ ಹೇಳಿದರೆ ಚಿನ್ನಸ್ವಾಮಿಯಲ್ಲಿ ಅರ್ಧ ಜನ ಯಾರಪ್ಪಾ ಅದು ಅಂದಾರು.

ಕ್ರಿಕೆಟ್ಟಿಗರಿಗೂ 2025ರ ಜೂನ್ 14ರಂದು ಲಾರ್ಡ್ಸ್‌ನಲ್ಲಿ ಬಾಗಿಲು ತೆರೆಯಿತು. ಮಾರ್ಕ್ರಂ 136 ಹೊಡೆದರು. ತೆಂಬಾ ಬವುಮಾ ನಾಯಕತ್ವದಲ್ಲಿ 282ರ ಗುರಿ ಮುಟ್ಟಿ ಟೆಸ್ಟ್ ಚಾಂಪಿಯನ್ ಆದರು. ಹಿಂದಿನ ಐಸಿಸಿ ಕಪ್ 1998ರದು, ಢಾಕಾದಲ್ಲಿ ಗೆದ್ದದ್ದು. ಅದೇ ವರ್ಷ ಕ್ವಾಲಾಲಂಪುರದ ಕಾಮನ್‌ವೆಲ್ತ್ ಕೂಟದಲ್ಲಿ ಆಸ್ಟ್ರೇಲಿಯಾವನ್ನು ಸೋಲಿಸಿ ಕ್ರಿಕೆಟ್ ಚಿನ್ನವನ್ನೂ ಗೆದ್ದಿದ್ದರು. ಕೂಟದ ಪದಕಪಟ್ಟಿಯಲ್ಲಿ ಆ ಚಿನ್ನ ಆರ್‌ಎಸ್‌ಎ ಖಾತೆಗೆ ಸೇರಿದೆ. 2028ರ ಲಾಸ್ ಏಂಜಲೀಸ್ ಒಲಿಂಪಿಕ್ಸ್‌ಗೆ ಕ್ರಿಕೆಟ್ ಬರಲಿದೆ. ಅರ್ಹತೆ ಸಿಕ್ಕರೆ ಅಲ್ಲೂ ಫಲಕದ ಮೇಲೆ ಎಸ್‌ಎ ಇರುವುದಿಲ್ಲ. ಮಳೆಗಾಲದ ನಿಯಮಗಳನ್ನು ಮಾತ್ರ ಈಗಲೇ ಓದಿಕೊಳ್ಳುವುದು ಒಳ್ಳೆಯದು.