‘ಹೆಸರು ಬದಲಿಸಲಾಗಿದೆ’ ಅಂದರೆ ಸಾಕಾ?

ನವೆಂಬರ್ 25 ಬಂತೆಂದರೆ ಮಹಿಳಾ ದೌರ್ಜನ್ಯದ ವಿರುದ್ಧ ಹದಿನಾರು ದಿನಗಳ ಅಭಿಯಾನ ಶುರು. ಸಂತ್ರಸ್ತೆಯರಿಗೆ ಆಶ್ರಯ, ನೆರವು ಕೊಡುವ ಸಂಸ್ಥೆಗಳ ಫೇಸ್‌ಬುಕ್ ಪೇಜುಗಳಲ್ಲಿ ಅವರ ಕತೆಗಳು ಸಾಲುಸಾಲಾಗಿ ಬರುತ್ತವೆ. ಹೆಸರು ಬದಲಿಸಿರುತ್ತಾರೆ, ಸರಿ. ಆದರೆ ತಾಲ್ಲೂಕು, ವಯಸ್ಸು, ತಾಯಿ ಅಂಗನವಾಡಿ ಸಹಾಯಕಿ, ತಂದೆ ಇಲ್ಲ, ಪಿಯುಸಿ ಅರ್ಧಕ್ಕೇ ನಿಂತಿತು, ಇಷ್ಟೂ ಹಾಗೇ ಇರುತ್ತದೆ. ಬೆಂಗಳೂರಿನ ಓದುಗರಿಗೆ ಅವಳು ಯಾರೋ. ಅವಳ ಊರಿನವರಿಗೆ ಇಷ್ಟು ಬೇಕಾದಷ್ಟಾಯಿತು.

ಕಾನೂನೂ ಹೆಸರಿಗೆ ನಿಲ್ಲುವುದಿಲ್ಲ. ಯಾವುದೇ ಸುಳಿವಿನಿಂದ ಗುರುತು ಸಿಗುವಂತಿರಬಾರದು ಎಂದು ಸುಪ್ರೀಂ ಕೋರ್ಟ್ 2018ರ ನಿಪುಣ್ ಸಕ್ಸೇನಾ ಪ್ರಕರಣದಲ್ಲೇ ಹೇಳಿದೆ. ಅತ್ಯಾಚಾರ ಸಂತ್ರಸ್ತೆಯ ಗುರುತು ಬಯಲು ಮಾಡಿದರೆ ಭಾರತೀಯ ನ್ಯಾಯ ಸಂಹಿತೆಯ ಸೆಕ್ಷನ್ 72ರಡಿ ಎರಡು ವರ್ಷದವರೆಗೆ ಜೈಲು, ಜೊತೆಗೆ ದಂಡ. ಮಕ್ಕಳ ಮೇಲಿನ ಲೈಂಗಿಕ ದೌರ್ಜನ್ಯದ ಪೋಕ್ಸೋ ಪ್ರಕರಣದಲ್ಲಿ ಶಾಲೆ, ನೆರೆಹೊರೆಯ ವಿವರವೂ ಕೂಡದು. ಅಪ್ಪ-ಅಮ್ಮನ ಸಹಿ ತೋರಿಸಿ ಪಾರಾಗಲು ಆಗದು, ವಿಶೇಷ ಕೋರ್ಟಿನ ಅನುಮತಿಯೇ ಬೇಕು.

ಫೋಟೊದಲ್ಲಿ ಎಡವಟ್ಟು ಜಾಸ್ತಿ. ಮುಖ ಬ್ಲರ್ ಮಾಡಿ ಕೈಮೇಲಿನ ಹಚ್ಚೆ, ಯೂನಿಫಾರ್ಮಿನ ಟೈ, ಹಿಂದೆ ನಿಂತ ಬಸ್ಸಿನ ಬೋರ್ಡು ಬಿಟ್ಟಿರುತ್ತಾರೆ. ಫೋಟೊ ಇಲ್ಲದಿದ್ದರೆ ಪೋಸ್ಟು ಓಡಲ್ಲ ಅನ್ನುವವರು ಚಿತ್ರ ಬರೆಸಲಿ. ಧ್ವನಿಯನ್ನು ಬರೀ ದಪ್ಪ-ಸಣ್ಣ ಮಾಡಿದರೆ ಅದನ್ನು ಮತ್ತೆ ಮೊದಲಿನಂತೆ ಮಾಡಬಹುದು, ಬೇರೆಯವರಿಂದ ಓದಿಸಿ.

ಕೇಸು ಇನ್ನೂ ನಡೆಯುತ್ತಿದ್ದರೆ ಕತೆ ಹಾಕಲೇಬೇಡಿ ಅನ್ನುವುದು ನನ್ನ ಖಚಿತ ಅಭಿಪ್ರಾಯ. ಪೋಸ್ಟು ಬರೆಯುವವರು ‘ಎಫೆಕ್ಟ್’ಗೆಂದು ಸಂಜೆಯನ್ನು ರಾತ್ರಿ ಮಾಡುತ್ತಾರೆ, ಇಬ್ಬರನ್ನು ಮೂವರು ಮಾಡುತ್ತಾರೆ. ಪೊಲೀಸರ ಮುಂದೆ ಕೊಟ್ಟ ಹೇಳಿಕೆಗೂ ಇದಕ್ಕೂ ತಾಳೆಯಾಗದಿದ್ದರೆ, ಪಾಟೀಸವಾಲಿನಲ್ಲಿ ಆರೋಪಿಯ ವಕೀಲರು ಅದನ್ನೇ ಹಿಡಿದು ಎಳೆಯುತ್ತಾರೆ. ಕಟಕಟೆಯಲ್ಲಿ ಉತ್ತರ ಕೊಡಬೇಕಾದವಳು ಅವಳು, ಪೋಸ್ಟು ಬರೆದವರಲ್ಲ.

ಇನ್ನು ಒಪ್ಪಿಗೆ. ನಿಮ್ಮದೇ ಆಶ್ರಯದಲ್ಲಿ ಉಂಡು ಮಲಗುವವಳು ‘ಬೇಡ ಮೇಡಂ’ ಅನ್ನುವುದು ಅಷ್ಟು ಸುಲಭವೇ? ಹಾಗಾಗಿ ಅವಳ ಕೇಸು ನೋಡಿಕೊಳ್ಳುವವರು ಕೇಳಬಾರದು, ಬೇರೆಯವರು ಕೇಳಬೇಕು. ಬೇಡ ಅಂದರೂ ಊಟ, ವಸತಿ, ವಕೀಲರ ನೆರವು ನಿಲ್ಲುವುದಿಲ್ಲ ಎಂದು ಮೊದಲೇ ಹೇಳಬೇಕು. ಒಪ್ಪಿಗೆ ಎರಡು ಸಲ ಪಡೆಯಿರಿ: ಮಾತಾಡಿಸುವ ಮುಂಚೆ ಒಮ್ಮೆ, ಬರೆದದ್ದನ್ನು ಅವಳ ಮಾತಿನಲ್ಲೇ ಓದಿ ಹೇಳಿ ಎರಡು ಮೂರು ದಿನ ಬಿಟ್ಟು ಇನ್ನೊಮ್ಮೆ. ಯಾವ ಸಾಲು ಬೇಡ ಅಂದರೂ ಕಾರಣ ಕೇಳದೆ ತೆಗೆಯಿರಿ. ಫೇಸ್‌ಬುಕ್ಕಿನಿಂದ ಅಳಿಸಬಹುದು, ವಾಟ್ಸ್ಆಪಿನಲ್ಲಿ ಫಾರ್ವರ್ಡ್ ಆದದ್ದು ವಾಪಸ್ ಬರದು ಎಂಬುದನ್ನು ಸಹಿಗೆ ಮುಂಚೆ ತಿಳಿಸಿ.

ಪೇಜು, ಫ್ಲೆಕ್ಸು, ವಾರ್ಷಿಕ ವರದಿ, ದಾನಿಗಳಿಗೆ ಹೋದ ಪಿಡಿಎಫ್, ಎಲ್ಲೆಲ್ಲಿ ಬಳಸಿದ್ದೀರೋ ಪಟ್ಟಿ ಇಡಿ. ನಾಳೆ ಅವಳು ತೆಗೆಯಿರಿ ಅಂದರೆ ಹುಡುಕುತ್ತಾ ಕೂರುವಂತಾಗಬಾರದು. ಕಾಮೆಂಟು ನೋಡಿಕೊಳ್ಳಲು ಜನ ಇಲ್ಲವೇ? ಆಫ್ ಮಾಡಿಬಿಡಿ.