ಕುರ್ಟ್ ಬೊಯ್ಸ್ ಎಂಬ ಪೋಷಕ ನಟ

‘ಕಾಸಾಬ್ಲಾಂಕಾ’ ಚಿತ್ರವನ್ನು ಹಲವು ಬಾರಿ ನೋಡಿದವರೂ ಅದರ ಆರಂಭದಲ್ಲಿ ಬರುವ ಜೇಬುಗಳ್ಳನ ಪಾತ್ರಧಾರಿ ಯಾರೆಂದು ಕೇಳಿದರೆ ತಡವರಿಸುತ್ತಾರೆ. ಅವರು ಕುರ್ಟ್ ಬೊಯ್ಸ್. 1901ರಲ್ಲಿ ಬರ್ಲಿನ್ನಿನ ಯಹೂದಿ ಮನೆತನದಲ್ಲಿ ಹುಟ್ಟಿ, ಆರೇಳರ ವಯಸ್ಸಿಗೇ ನಟನೆಗಿಳಿದು, ಎಂಬತ್ತೈದು ದಾಟಿದ ಮೇಲೂ ಕ್ಯಾಮೆರಾದ ಮುಂದೆ ನಿಂತವರು. ಇಂಥವರನ್ನು ‘ಸಣ್ಣ ಪಾತ್ರಗಳ ದೊಡ್ಡ ನಟ’ ಎಂದು ಕರೆದು ಕೈತೊಳೆದುಕೊಳ್ಳುವುದು ವಾಡಿಕೆ. ಬೊಯ್ಸ್ ಅವರ ಮಟ್ಟಿಗೆ ನನಗೆ ಆ ಮಾತು ಒಪ್ಪಿಗೆಯಿಲ್ಲ, ಏಕೆಂದರೆ ಅವರ ಪಾತ್ರಗಳು ಕಿರಿದಾದದ್ದು ಅವರ ಶಕ್ತಿಯ ಮಿತಿಯಿಂದಲ್ಲ, ದೇಶ ಬಿಡಬೇಕಾಗಿ ಬಂದದ್ದರಿಂದ.

ಇಪ್ಪತ್ತರ ದಶಕದ ಬರ್ಲಿನ್ನಿನಲ್ಲಿ ಅವರು ಹೆಸರಾಂತ ಹಾಸ್ಯನಟರಾಗಿದ್ದರು. 1927ರ ‘ಡೆರ್ ಫ್ಯೂರ್ಸ್ಟ್ ಫಾನ್ ಪಾಪೆನ್‌ಹೈಮ್’ ಎಂಬ ಮೂಕಿ ಚಿತ್ರದ ಮುಖ್ಯ ಪಾತ್ರ ಅವರದೇ. ಅದರಲ್ಲಿ ಅವರು ಹೆಣ್ಣುವೇಷವನ್ನೂ ಹಾಕಿದ್ದರು. 1933ರಲ್ಲಿ ನಾಜಿಗಳು ಅಧಿಕಾರಕ್ಕೆ ಬಂದಾಗ ಜರ್ಮನಿಯನ್ನು ತೊರೆದು, ಮರುವರ್ಷ ಅಮೆರಿಕ ಸೇರಿದರು. ನಾಜಿಗಳು 1940ರಲ್ಲಿ ತೆಗೆದ ಯಹೂದಿದ್ವೇಷದ ಪ್ರಚಾರಚಿತ್ರವೊಂದರಲ್ಲಿ ಅದೇ ಹೆಣ್ಣುವೇಷದ ದೃಶ್ಯವನ್ನು ಕತ್ತರಿಸಿ ಅಂಟಿಸಿ, ಜನರನ್ನು ನಗಿಸಿದ್ದನ್ನೇ ಅಪರಾಧವೆಂಬಂತೆ ತೋರಿಸಲಾಯಿತು.

ಹಾಲಿವುಡ್ಡಿನಲ್ಲಿ ಅವರಿಗೆ ದೊರೆತದ್ದು ಬಹುತೇಕ ನಿಮಿಷಗಳ ಲೆಕ್ಕದ ಪಾತ್ರಗಳು. ಆದರೆ 1942ರ ‘ಕಾಸಾಬ್ಲಾಂಕಾ’ದ ಆ ದೃಶ್ಯವನ್ನು ಸ್ವಲ್ಪ ನಿಧಾನವಾಗಿ ನೋಡಬೇಕು. ಪೊಲೀಸರು ನಿರಾಶ್ರಿತರನ್ನು ಹಿಡಿಯುತ್ತಿರುವಾಗ, ಏನಾಗುತ್ತಿದೆಯೆಂದು ತಿಳಿಯದೆ ಕುಳಿತ ಇಂಗ್ಲಿಷ್ ದಂಪತಿಗಳ ಬಳಿಗೆ ಈತ ಬಂದು, ಮರುಭೂಮಿಯಲ್ಲಿ ಇಬ್ಬರು ಜರ್ಮನ್ ದೂತರ ಕೊಲೆಯಾದ ಸಂಗತಿಯನ್ನೂ ಈ ಧರಪಕಡದ ಕಾರಣವನ್ನೂ ಸಾವಧಾನವಾಗಿ ವಿವರಿಸುತ್ತಾನೆ. ಊರಿನ ತುಂಬ ರಣಹದ್ದುಗಳಿವೆ, ಜೋಪಾನ ಎಂದು ಗಂಡನ ಮೈಮೇಲೆ ಕೈಯಿಟ್ಟು ಅಕ್ಕರೆಯಿಂದ ಎಚ್ಚರಿಸುತ್ತಾನೆ. ಆ ಅಕ್ಕರೆಯಲ್ಲೇ ಪಾಕೀಟು ಹೋಗಿರುತ್ತದೆ. ಪ್ರೇಕ್ಷಕರಿಗೆ ತಿಳಿಸಲೇಬೇಕಾದ, ಯಾರು ಹೇಳಿದರೂ ಸಪ್ಪೆಯಾಗಬಹುದಾದ ವಿವರಗಳನ್ನೆಲ್ಲ ಚಿತ್ರಕಥೆ ಈ ಕಳ್ಳನ ಬಾಯಿಗೆ ಹಾಕಿದೆ. ಬೊಯ್ಸ್ ಅದನ್ನು ಎಷ್ಟು ಹಗುರಾಗಿ ದಾಟಿಸುತ್ತಾರೆಂದರೆ, ನಮಗೆ ಕಥೆಯ ಅರ್ಧ ಪೀಠಿಕೆ ಕೇಳಿಸಿಕೊಂಡೆವೆಂಬುದೇ ಗೊತ್ತಾಗುವುದಿಲ್ಲ. (ನಾಜಿಗಳಿಂದ ದೂರ ಬಂದಿದ್ದ ಜರ್ಮನ್ ನಟ ಕಾನ್ರಾಡ್ ಫೈಟ್ ಇದೇ ಚಿತ್ರದಲ್ಲಿ ನಾಜಿ ಮೇಜರ್ ಆಗಬೇಕಾಯಿತು. ವಲಸೆ ಬಂದ ನಟರಿಗೆ ಆಗ ಹಂಚಿಕೆಯಾಗುತ್ತಿದ್ದ ಪಾತ್ರಗಳೇ ಅಂಥವು.)

1950ರಲ್ಲಿ ಅವರು, ಆಗ ಇಬ್ಭಾಗವಾಗಿದ್ದ ಬರ್ಲಿನ್ನಿನ ಪೂರ್ವ ಭಾಗಕ್ಕೆ ಮರಳಿದರು. 1952ರಲ್ಲಿ ಜರ್ಮನ್ ನಾಟಕಕಾರ ಬರ್ಟೋಲ್ಟ್ ಬ್ರೆಖ್ಟ್ ಅವರ ರಂಗತಂಡದಲ್ಲಿ, ಕುಡಿದಾಗ ಕರುಣಾಳುವೂ ಅಮಲಿಳಿದಾಗ ಕ್ರೂರಿಯೂ ಆಗುವ ಜಮೀನ್ದಾರ ಪುಂಟಿಲನ ಪಾತ್ರ ವಹಿಸಿದರು. ಅದೇ ದಶಕದಲ್ಲಿ ಪೂರ್ವ ಭಾಗವನ್ನು ಬಿಟ್ಟು ಪಶ್ಚಿಮ ಬರ್ಲಿನ್ನಿಗೆ ಹೋದರು.

1982ರಲ್ಲಿ ಬ್ರೂನೋ ಗಾಂಟ್ಸ್ ಮತ್ತು ಒಟ್ಟೊ ಸಾಂಡರ್ ಎಂಬ ಇಬ್ಬರು ನಟರು ತಮ್ಮ ಹಿರಿಯರಾದ ಬೊಯ್ಸ್ ಮತ್ತು ಬರ್ನ್‌ಹಾರ್ಡ್ ಮಿನೆಟ್ಟಿ ಅವರನ್ನು ಕುರಿತು ಸಾಕ್ಷ್ಯಚಿತ್ರವೊಂದನ್ನು ಮಾಡಿದರು. ಐದು ವರ್ಷಗಳ ಬಳಿಕ ನಿರ್ದೇಶಕ ವಿಮ್ ವೆಂಡರ್ಸ್ ಅವರ ‘ವಿಂಗ್ಸ್ ಆಫ್ ಡಿಸೈರ್’ ಚಿತ್ರದಲ್ಲಿ ಆ ಇಬ್ಬರೂ ದೇವದೂತರಾದರು, ಬೊಯ್ಸ್ ಹೋಮರ್ ಎಂಬ ವೃದ್ಧ ಕಥೆಗಾರರಾದರು. ಬರ್ಲಿನ್ ಗೋಡೆಯ ಪಕ್ಕದ ಬಯಲಿನಲ್ಲಿ ಕಳೆ ತುಳಿಯುತ್ತ ಆ ಮುದುಕ ಪಾಟ್ಸ್‌ಡಾಮ್ ಚೌಕವನ್ನು ಹುಡುಕುತ್ತಾನೆ, ಅಲ್ಲಿದ್ದ ಕಾಫಿ ಅಂಗಡಿಯನ್ನು ನೆನೆಯುತ್ತಾನೆ, ಕೊನೆಗೆ ಯಾರೋ ಎಸೆದ ಹಳೆಯ ಆರಾಮಕುರ್ಚಿಯಲ್ಲಿ ಕೂರುತ್ತಾನೆ. ಆ ಚಿತ್ರದ ಕಾವ್ಯಮಯ ಮಾತುಗಳು ಕೆಲವೆಡೆ ನನಗೆ ಭಾರವೆನಿಸಿವೆ. ಬೊಯ್ಸ್ ಮಾತ್ರ ಅವನ್ನು ವಾಚಿಸುವುದಿಲ್ಲ. ಬಾರದ ಬಸ್ಸಿಗೆ ಕಾದು ಬೇಸತ್ತವರಂತೆ ತಮ್ಮಷ್ಟಕ್ಕೇ ಗೊಣಗುತ್ತಾರೆ. ಯುದ್ಧಕ್ಕೆ ಮುಂಚಿನ ಆ ಚೌಕವನ್ನು ಕಂಡು ಬೆಳೆದ ನಟನಿಗೆ ಅಲ್ಲಿ ದುಃಖವನ್ನು ಅಭಿನಯಿಸಿ ತೋರಿಸುವ ಅಗತ್ಯವಿರಲಿಲ್ಲ.

1988ರ ಮೊದಲ ಯುರೋಪಿಯನ್ ಚಲನಚಿತ್ರ ಪ್ರಶಸ್ತಿಗಳಲ್ಲಿ ಈ ಪಾತ್ರಕ್ಕಾಗಿ ಅವರಿಗೆ ಅತ್ಯುತ್ತಮ ಪೋಷಕ ನಟ ಪ್ರಶಸ್ತಿ ಬಂದಿತು. 1991ರ ಡಿಸೆಂಬರ್ 25ರಂದು ಬರ್ಲಿನ್ನಿನಲ್ಲೇ ತೀರಿಕೊಳ್ಳುವ ಹೊತ್ತಿಗೆ, ಅವರು ಹುಡುಕುತ್ತ ಅಲೆದ ಬಯಲಿನ ಪಕ್ಕದ ಆ ಗೋಡೆ ಬಿದ್ದು ಎರಡು ವರ್ಷ ಕಳೆದಿತ್ತು.