ಬೇರೆ ಕೋಣೆಯೋ, ಅದೇ ಬೆಂಚೋ?

ಪ್ರಶ್ನೆ: ಕನ್ನಡ ಬಾರದ ವಲಸೆ ಕುಟುಂಬದ ಮಕ್ಕಳಿಗೆ ಸರ್ಕಾರಿ ಶಾಲೆಯಲ್ಲಿ ಮೊದಲ ಕೆಲವು ತಿಂಗಳು ಬೇರೆ ತರಗತಿ ನಡೆಸಬೇಕೆ? ಬೇಕು ಎನ್ನುವವರು ಕಾರವಾರದ ನಿವೃತ್ತ ಶಿಕ್ಷಕಿ. ಬೇಡ ಎನ್ನುವವರು ಶಿರಸಿ ತಾಲೂಕಿನ ಒಂದು ಹಳ್ಳಿ ಶಾಲೆಯ ಶಿಕ್ಷಕ.

ಪರ: ಮೊದಲು ಅವಳಿಗೆ ಮಾತು ಕೊಡಿ

ನಮ್ಮ ಕರಾವಳಿಯ ವರ್ಷಕ್ಕೆ ಎರಡು ಆರಂಭಗಳಿವೆ. ಜೂನಿನಲ್ಲಿ ಶಾಲೆಯ ಬಾಗಿಲು ತೆರೆಯುತ್ತದೆ, ಆಗಸ್ಟಿನಲ್ಲಿ ಬೋಟು ಕಡಲಿಗಿಳಿಯುತ್ತದೆ. ಜೂನ್ 1ರಿಂದ ಜುಲೈ 31ರವರೆಗೆ 61 ದಿನ ಯಾಂತ್ರಿಕ ಮೀನುಗಾರಿಕೆಗೆ ನಿಷೇಧ. ಬೈತಖೋಲದಲ್ಲಿ, ತದಡಿಯಲ್ಲಿ, ಹೊನ್ನಾವರದಲ್ಲಿ ಬೋಟಿನ ಮೇಲೆ ದುಡಿಯುವ ಹೊರರಾಜ್ಯದ ಜನ ಆಗ ಊರಿಗೆ ಹೋಗುತ್ತಾರೆ. ಮತ್ತೆ ಬರುವಾಗ ಹೆಚ್ಚಿನವರು ಒಬ್ಬಂಟಿ. ಕೆಲವರು ಮಾತ್ರ ಹೆಂಡತಿ ಮಕ್ಕಳನ್ನು ಕರೆತರುತ್ತಾರೆ. ಅಷ್ಟು ಹೊತ್ತಿಗೆ ನಮ್ಮಲ್ಲಿ ಸೇತುಬಂಧ, ಅಂದರೆ ಹಿಂದಿನ ತರಗತಿಯ ಕಲಿಕೆಯನ್ನು ಗಟ್ಟಿ ಮಾಡುವ ಆರಂಭದ ದಿನಗಳ ಪಾಠ, ಮುಗಿದು ಹೊಸ ಪಾಠ ಶುರುವಾಗಿರುತ್ತದೆ. ಎಲ್ಲರಿಗಿಂತ ಹೆಚ್ಚಾಗಿ ಸೇತುವೆ ಬೇಕಾದ ಮಗು ಬರುವುದು ಸೇತುವೆ ತೆಗೆದ ಮೇಲೆ.

ನನ್ನ ಸೇವೆಯ ಕೊನೆಯ ವರ್ಷಗಳಲ್ಲಿ ಹೀಗೊಬ್ಬಳು ಬಂದಳು. ಒಂಬತ್ತು ವರ್ಷ, ಒಡಿಶಾದ ಗಂಜಾಂ ಕಡೆಯವಳು. ಕಾನೂನಿನಂತೆ ವಯಸ್ಸಿಗೆ ತಕ್ಕ ತರಗತಿ, ಅಂದರೆ ನಾಲ್ಕನೇ ತರಗತಿಗೆ ಹೆಸರು ಬರೆದುಕೊಂಡೆವು. ಮೂರನೇ ಬೆಂಚಿನ ತುದಿಗೆ ಕೂತು ಬೋರ್ಡಿನ ಮೇಲಿದ್ದದ್ದನ್ನೆಲ್ಲ ಬರೆದುಕೊಳ್ಳುತ್ತಿದ್ದಳು. ಒಡಿಯಾ ಅಕ್ಷರವೂ ನಮ್ಮ ಅಕ್ಷರದಂತೆ ದುಂಡಗಿನದು, ಅವಳ ಕೈ ಪಳಗಿತ್ತು. ಪಟ್ಟಿ, ಅಂದರೆ ಅವಳ ನೋಟುಬುಕ್ಕು, ತೆಗೆದು ನೋಡಿದರೆ ಒಂದು ಕಾಗುಣಿತವೂ ತಪ್ಪಿಲ್ಲ. ‘ಜಾಣೆ’ ಎಂದು ಬೆನ್ನು ತಟ್ಟಿದೆ. ಎಷ್ಟೋ ದಿನದ ಮೇಲೆ, ಬರೆದದ್ದನ್ನು ಓದು ಎಂದಾಗ ತಲೆ ತಗ್ಗಿಸಿದಳು. ಅವಳು ಬರೆಯುತ್ತಿರಲಿಲ್ಲ, ಚಿತ್ರ ತೆಗೆಯುತ್ತಿದ್ದಳು. ತಾನು ಬರೆದ ಪುಟದ ಒಂದು ಶಬ್ದವೂ ಅವಳಿಗೆ ಗೊತ್ತಿರಲಿಲ್ಲ.

ಲೆಕ್ಕ ಅವಳಿಗೆ ಬರುತ್ತಿತ್ತು. ಮೂರಂಕಿಯ ಕಳೆಯುವ ಲೆಕ್ಕವನ್ನು ನಮ್ಮ ಮಕ್ಕಳಿಗಿಂತ ಬೇಗ ಮುಗಿಸುತ್ತಿದ್ದಳು. ವಾಕ್ಯದಲ್ಲಿ ಕೇಳಿದ ಲೆಕ್ಕವನ್ನು ಮಾತ್ರ ಹಾಗೇ ಬಿಡುತ್ತಿದ್ದಳು. ಅವಳ ದಾಖಲೆಯಲ್ಲಿ ‘ಗಣಿತದಲ್ಲಿ ಹಿಂದುಳಿದಿದ್ದಾಳೆ’ ಎಂದು ಬರೆದವಳು ನಾನೇ. ಹಿಂದೆ ಬಿದ್ದದ್ದು ಅವಳ ಕನ್ನಡ. ನಾನು ಹೆಸರಿಟ್ಟದ್ದು ಅವಳ ಬುದ್ಧಿಗೆ. ಆ ಸಾಲು ಇವತ್ತಿಗೂ ನನ್ನನ್ನು ಚುಚ್ಚುತ್ತದೆ.

ಎಲ್ಲರಿಗೂ ಒಂದೇ ಬೆಂಚು, ಒಂದೇ ಪುಸ್ತಕ, ಒಂದೇ ಬಿಸಿಯೂಟ ಕೊಟ್ಟೆವು, ಇನ್ನೇನು ಸಮಾನತೆ ಬೇಕು ಎಂದು ಕೇಳುವವರಿದ್ದಾರೆ. ಬೆಂಚು ಸಿಕ್ಕಿತು, ಪಾಠ ಸಿಗಲಿಲ್ಲ. 2010ರ ಏಪ್ರಿಲ್ 1ರಿಂದ ಜಾರಿಯಲ್ಲಿರುವ ಶಿಕ್ಷಣ ಹಕ್ಕು ಕಾಯ್ದೆಯ ನಾಲ್ಕನೇ ಕಲಮಿನ ಅರ್ಧ ಮಾತ್ರ ನಮಗೆಲ್ಲ ನೆನಪಿದೆ: ವಯಸ್ಸಿಗೆ ತಕ್ಕ ತರಗತಿಗೆ ಸೇರಿಸಬೇಕು. ಇನ್ನರ್ಧವೂ ಅಲ್ಲೇ ಇದೆ: ಹಾಗೆ ಸೇರಿದ ಮಗುವಿಗೆ ಉಳಿದವರ ಸಮ ಬರುವಂತೆ ವಿಶೇಷ ತರಬೇತಿ ಪಡೆಯುವ ಹಕ್ಕಿದೆ. ಕಡಿಮೆಯೆಂದರೆ 3 ತಿಂಗಳು, ಹೆಚ್ಚೆಂದರೆ 2 ವರ್ಷ ಎಂದು ಕೇಂದ್ರದ ನಿಯಮ ಹೇಳುತ್ತದೆ. ಇದೇ ಕಾಯ್ದೆಯ 29ನೇ ಕಲಮು, ಸಾಧ್ಯವಾದ ಮಟ್ಟಿಗೆ ಮಗುವಿನ ಮಾತೃಭಾಷೆಯಲ್ಲೇ ಕಲಿಸಿ ಎನ್ನುತ್ತದೆ. ನಾನು ಕೇಳುತ್ತಿರುವುದು ಹೊಸ ಸವಲತ್ತನ್ನಲ್ಲ.

ನನ್ನ ಮನೆಮಾತು ಕೊಂಕಣಿ. ಒಂದನೇ ತರಗತಿಯ ಮೊದಲ ದಿನಗಳ ಭಯ ನನಗೆ ಚೆನ್ನಾಗಿ ನೆನಪಿದೆ. ಬಾಯಾರಿದರೆ ನೀರು ಕೇಳಲು ಶಬ್ದವಿರಲಿಲ್ಲ, ‘ಉದಕ’ ಎಂದರೆ ನಗುತ್ತಾರೋ ಏನೋ ಎಂದು ಸುಮ್ಮನಿರುತ್ತಿದ್ದೆ. ಆದರೂ ನನ್ನ ಸುತ್ತ ಕೊಂಕಣಿ ಬಲ್ಲ ಹತ್ತು ಮಕ್ಕಳಿದ್ದರು. ಆ ಹುಡುಗಿಗೆ ಯಾರಿದ್ದರು?

ಆಮೇಲೆ ನಾನೇ ಒಂದು ದಾರಿ ಹುಡುಕಿದೆ. ಮಧ್ಯಾಹ್ನ ಊಟದ ಬಿಡುವಿನಲ್ಲಿ ಅವಳನ್ನು ಪಕ್ಕದಲ್ಲಿ ಕೂರಿಸಿಕೊಂಡು ನನ್ನ ಕೈ ತೋರಿಸಿದೆ. ‘ಹಾತ’ ಎಂದಳು. ಕೊಂಕಣಿಯಲ್ಲೂ ಹಾತ್. ಮೂಗು ಮುಟ್ಟಿಕೊಂಡೆ, ‘ನಾಕ’. ಕಿವಿಗೆ ‘ಕಾನ’, ಮನೆಗೆ ‘ಘರ’. ಎಲ್ಲವೂ ನನ್ನ ಮನೆಯವೇ! ನಾವಿಬ್ಬರೂ ನಕ್ಕೆವು. ಅವಳ ನಗುವಿಗೆ ಸದ್ದಿದೆ ಎಂದು ಅವತ್ತು ಗೊತ್ತಾಯಿತು. ಅವಳ ಮಾತು ಒಂದು ಕಡೆ, ಕನ್ನಡ ಇನ್ನೊಂದು ಕಡೆ, ನಡುವೆ ನನ್ನ ಕೊಂಕಣಿ ಇಟ್ಟು ಒಂದು ಪದಪಟ್ಟಿ ಮಾಡಿದೆವು. ನಾಲ್ವತ್ತು ಮಕ್ಕಳ ನಡುವೆ, ಪಾಠ ಓಡಿಸುವ ಗಡಿಬಿಡಿಯಲ್ಲಿ, ಇದು ಆಗುತ್ತಿರಲಿಲ್ಲ. ಬೇರೆ ಹೊತ್ತು, ಬೇರೆ ಜಾಗ ಇದ್ದದ್ದರಿಂದ ಆಯಿತು.

ದಿನವಿಡೀ ಬೇರೆ ಇಡಿ ಎಂದು ನಾನು ಹೇಳುವುದಿಲ್ಲ. ಪ್ರಾರ್ಥನೆ, ಹಾಲು, ಊಟ, ಆಟ, ಚಿತ್ರಕಲೆ ಎಲ್ಲರ ಜೊತೆಗೇ ಇರಲಿ. ಬೆಳಗಿನ ಎರಡು ತಾಸು ಅದೇ ಶಾಲೆಯ ಇನ್ನೊಂದು ಕೋಣೆಯಲ್ಲಿ ಮಾತು ಕಲಿಸಿ. ಗೊತ್ತುಮಾಡಿದ ಕೆಲವು ತಿಂಗಳು ಮುಗಿದೊಡನೆ ಆ ಕೋಣೆ ಬಿಡಿಸಿ.

ಬೇರೆ ಕೂರಿಸಿದರೆ ಮಗುವಿಗೆ ಹಣೆಪಟ್ಟಿ ಅಂಟುತ್ತದೆ ಎಂದು ಶಿರಸಿಯ ಮಾಸ್ತರರು ಹೇಳಿಯಾರು, ತರಬೇತಿಗಳಲ್ಲಿ ನಾವು ಈ ಜಗಳ ಆಡಿದವರೇ. ಹಣೆಪಟ್ಟಿ ಮೊದಲೇ ಅಂಟಿದೆ, ಮಾಸ್ತರರೇ. ‘ಬೋಟಿನವರ ಹುಡುಗಿ’ ಎಂದೇ ಅವಳನ್ನು ಕರೆಯುತ್ತಿದ್ದರು. ಉತ್ತರ ಹೇಳಲು ಮಾತು ಬಂದರೆ ಅದು ಕಳಚೀತು. ನಮ್ಮ ಜಿಲ್ಲೆಯ ಮುಂಡಗೋಡಿನಲ್ಲೇ ನೋಡಿ, 1966ರಲ್ಲಿ ಟಿಬೆಟಿನ ನಿರಾಶ್ರಿತರು ನೆಲೆಸಿದರು. ತಮ್ಮ ಮಕ್ಕಳಿಗೆ ತಮ್ಮದೇ ಶಾಲೆಯಲ್ಲಿ ತಮ್ಮ ನುಡಿಯನ್ನು ಉಳಿಸಿಕೊಟ್ಟರು. ಅದನ್ನು ಪ್ರತ್ಯೇಕತೆ ಎಂದು ಯಾರೂ ದೂರಲಿಲ್ಲ.

ಮೀನುಗಾರಿಕೆ ನಿಲ್ಲುವ ಹೊತ್ತಿಗೆ ಅವಳು ಹೋದಳು, ಮುಂದಿನ ಆಗಸ್ಟಿಗೆ ಬರಲಿಲ್ಲ. ಅವಳಿಗೆ ನಮ್ಮ ಶಾಲೆಯಲ್ಲಿ ಸಿಕ್ಕಿದ್ದು ಎಂಟು ತಿಂಗಳು. ಅರ್ಧಕ್ಕರ್ಧ ಚಿತ್ರ ತೆಗೆಯುವುದರಲ್ಲೇ ಹೋಯಿತು.

ವಿರೋಧ: ಹೊಸ್ತಿಲ ಮೇಲೆ ನಿಲ್ಲಿಸಬೇಡಿ

ಕಾರವಾರದ ಅಕ್ಕೋರು ಬರೆದದ್ದನ್ನು ಎರಡು ಸಲ ಓದಿದೆ. ಆ ಹುಡುಗಿಯ ಪಟ್ಟಿಯ ಕತೆ ಓದಿ ನನ್ನ ತರಗತಿಯಲ್ಲಿ ಸುಮ್ಮನೆ ಕೂತವರ ಪಟ್ಟಿಯನ್ನೆಲ್ಲ ತೆಗೆದು ನೋಡಿದೆ. ಆದರೂ ಅವರು ಹೇಳುವ ಪರಿಹಾರ ನನಗೆ ಒಪ್ಪಿಗೆಯಿಲ್ಲ.

ಕರಾವಳಿಯಲ್ಲಿ ಬೋಟಿನವರು ಹತ್ತು ತಿಂಗಳು ಇರುತ್ತಾರೆ. ಘಟ್ಟದ ಮೇಲೆ ಹಾಗಲ್ಲ. ನಮ್ಮಲ್ಲಿ ಜನ ಬರುವುದು ಅಡಿಕೆ ಕೊನೆ (ಗೊನೆ) ಕೊಯ್ಲಿಗೆ. ಕೊಯ್ಲು, ಸುಲಿಯುವುದು, ಒಣಗಿಸುವುದು ಮುಗಿದರೆ ಹೊರಟರು. ರಸ್ತೆ ಕೆಲಸದವರು ರಸ್ತೆಯ ಜೊತೆಗೇ ಮುಂದೆ ಹೋಗುತ್ತಾರೆ, ಚಿರೆಕಲ್ಲು ಕಡಿಯುವವರು ಕ್ವಾರಿ ಬದಲಾದಾಗ ಹೋಗುತ್ತಾರೆ. ಒಂದೇ ವರ್ಷದಲ್ಲಿ ಮೂರು ಶಾಲೆ ಕಂಡ ಹುಡುಗ ನನ್ನ ತರಗತಿಯಲ್ಲಿದ್ದ. ಅವನಿಗೆ ಪ್ರತಿ ಶಾಲೆಯಲ್ಲೂ ಮೂರು ತಿಂಗಳ ಬೇರೆ ಕೋಣೆ ಎಂದರೆ ಏನಾಗುತ್ತದೆ? ಸೇತುವೆ ದಾಟುವ ಹೊತ್ತಿಗೆ ಅಪ್ಪನ ಕೆಲಸ ಮುಗಿದಿರುತ್ತದೆ. ಮುಂದಿನ ಊರಿನಲ್ಲಿ ಮತ್ತೆ ಮೊದಲಿನಿಂದ. ತರಗತಿಯ ಒಳಗೆ ಒಂದು ದಿನವೂ ಕೂರದೆ ಅವನ ಬಾಲ್ಯ ಹೊಸ್ತಿಲ ಮೇಲೇ ಮುಗಿಯುತ್ತದೆ.

ಎರಡನೆಯದು, ನಾನು ಕಣ್ಣಾರೆ ಕಂಡದ್ದು. ಕೆಲಸಕ್ಕೆ ಸೇರಿದ ಹೊಸತರಲ್ಲಿ ನಾನಿದ್ದ ಒಂದು ಶಾಲೆಗೆ ಕಾಡಿನ ಅಂಚಿನ ಸಿದ್ದಿ ಕುಟುಂಬಗಳ ಮಕ್ಕಳು ಬರುತ್ತಿದ್ದರು. ಮನೆಯಲ್ಲಿ ಅವರಾಡುವುದು ತಮ್ಮದೇ ಬಗೆಯ ಕೊಂಕಣಿ. ಓದಿನಲ್ಲಿ ಹಿಂದಿದ್ದಾರೆ, ಹೆಚ್ಚು ಗಮನ ಕೊಡೋಣ ಎಂದು ಅವರನ್ನು ಬೇರೆ ಸಾಲಿನಲ್ಲಿ ಕೂರಿಸಿದ್ದರು. ಯಾರ ಮನಸ್ಸಿನಲ್ಲೂ ಕೆಟ್ಟದ್ದಿರಲಿಲ್ಲ, ಇದನ್ನು ನಾನು ಒತ್ತಿ ಹೇಳುತ್ತೇನೆ. ಕೆಲವು ತಿಂಗಳಿಗೆಂದು ಮಾಡಿದ ಸಾಲು ಮೂರು ವರ್ಷದ ಮೇಲೂ ಅಲ್ಲೇ ಇತ್ತು. ಆಮೇಲೆ ಆ ಸಾಲಿಗೆ ಪ್ರಶ್ನೆ ಕೇಳುವುದು ನಿಂತಿತು. ಆಮೇಲೆ ಆ ಸಾಲಿನ ಮಕ್ಕಳು ಒಬ್ಬೊಬ್ಬರಾಗಿ ಬರುವುದು ನಿಲ್ಲಿಸಿದರು. 2003ರಲ್ಲಿ ಉತ್ತರ ಕನ್ನಡದ ಸಿದ್ದಿಯರು ಪರಿಶಿಷ್ಟ ಪಂಗಡಕ್ಕೆ ಸೇರಿದರು. ವಿದ್ಯಾರ್ಥಿವೇತನ, ಹಾಸ್ಟೆಲು ಎಲ್ಲಕ್ಕೂ ಅದು ದೊಡ್ಡ ಆಸರೆ. ಆದರೆ ನಾಲ್ಕನೇ ತರಗತಿಯಲ್ಲಿ ಬಿಟ್ಟುಹೋದವನಿಗೆ ಯಾವ ವಿದ್ಯಾರ್ಥಿವೇತನ? ಅಕ್ಕೋರು ಎರಡು ತಾಸಿನ ಕೋಣೆ ಎನ್ನುತ್ತಾರೆ, ಅವರ ಕೈಯಲ್ಲಿ ಅದು ಎರಡೇ ತಾಸಿನದಾಗಿರುತ್ತದೆ ಎಂದು ನಾನೂ ನಂಬುತ್ತೇನೆ. ಅವರು ನಿವೃತ್ತರಾದ ಮೇಲೆ?

ಕನ್ನಡ ಬಾರದ ಮಗು ಎಂದು ಗೆರೆ ಎಳೆಯುವುದಾದರೂ ಎಲ್ಲಿ? ನಮ್ಮೂರಿನ ಹವ್ಯಕರ ಹುಡುಗ ‘ಎಂತಕ್ಕೆ’ ಎನ್ನುತ್ತಾನೆ, ಹಾನಗಲ್ಲಿನಿಂದ ಬಂದ ಕೂಲಿಯವರ ಹುಡುಗ ‘ಯಾಕ್ರಿ’ ಎನ್ನುತ್ತಾನೆ. ಅಂಕೋಲೆಯ ಹಾಲಕ್ಕಿ ಮಗುವಿನ ಕನ್ನಡವೇ ಬೇರೆ. ಭಟ್ಕಳದಲ್ಲಿ ನವಾಯತಿ, ಹಳಿಯಾಳದಲ್ಲಿ ಮರಾಠಿ, ದನ ಸಾಕುವ ಗೌಳಿಗರ ವಾಡಗಳಲ್ಲಿ ಅವರದೇ ಮರಾಠಿ. ಪುಸ್ತಕದ ಕನ್ನಡ ಈ ಜಿಲ್ಲೆಯ ಯಾವ ಮಗುವಿನ ತಾಯಿನುಡಿಯೂ ಅಲ್ಲ. ಎಲ್ಲರೂ ಶಾಲೆಗೆ ಬಂದೇ ಅದನ್ನು ಕಲಿತರು, ಅಕ್ಕೋರೂ ಹಾಗೆಯೇ. ಹಾಗಿರುವಾಗ ಬೋಟಿನವರ ಮಗುವನ್ನು, ಕೂಲಿಯವರ ಮಗುವನ್ನು ಮಾತ್ರ ಬೇರೆ ಕೋಣೆಗೆ ಕಳಿಸಿದರೆ ನಾವು ವಿಂಗಡಿಸಿದ್ದು ಭಾಷೆಯನ್ನಲ್ಲ, ಬಡತನವನ್ನು.

ಮುಂಡಗೋಡಿನ ಉದಾಹರಣೆ ಇಲ್ಲಿಗೆ ಹೊಂದುವುದಿಲ್ಲ. ಅಲ್ಲಿ ಒಂದು ಸಮುದಾಯವೇ ಬಂದು ನೆಲೆಸಿತು, ಮಕ್ಕಳ ಬೆನ್ನಿಗೆ ಆ ಸಮುದಾಯವೇ ಇತ್ತು. ಕೂಲಿಗೆ ಬಂದ ಒಂದು ಕುಟುಂಬದ ಇಬ್ಬರು ಮಕ್ಕಳ ಹಿಂದೆ ಅಂಥ ಯಾರೂ ಇಲ್ಲ.

ಇನ್ನು ಆ ಕೋಣೆಯಲ್ಲಿ ಪಾಠ ಮಾಡುವವರು ಯಾರು? 60 ಮಕ್ಕಳವರೆಗೆ ಇಬ್ಬರು ಶಿಕ್ಷಕರು ಎಂದು ಕಾಯ್ದೆಯ ಲೆಕ್ಕ. ನಮ್ಮ ಕಾಡಿನ ಶಾಲೆಗಳಲ್ಲಿ ಇಪ್ಪತ್ತು, ಇಪ್ಪತ್ತೈದು ಮಕ್ಕಳು. ಇಬ್ಬರಲ್ಲಿ ಒಬ್ಬರು ಮುಖ್ಯಾಧ್ಯಾಪಕರು, ಅವರು ಮೀಟಿಂಗಿಗೆ ಹೋದ ದಿನ ಉಳಿಯುವುದು ಒಬ್ಬರೇ. ಬೇರೆ ಕೋಣೆ ಎಂದರೆ ಆ ದಿನ ಮಕ್ಕಳ ಕೈಗೆ ಬಣ್ಣದ ಪೆನ್ಸಿಲ್ ಕೊಟ್ಟು ಬಾಗಿಲು ಮುಂದೆ ಮಾಡುವುದು.

ಕಲಿಸುವ ದಾರಿ ನಮ್ಮ ಕೈಯಲ್ಲೇ ಇದೆ. 1995ರಲ್ಲಿ ಹೆಗ್ಗಡದೇವನಕೋಟೆಯಲ್ಲಿ ಹುಟ್ಟಿದ ನಲಿ-ಕಲಿ ಎಂಬ ಕಲಿಸುವ ಪದ್ಧತಿಯಲ್ಲಿ ಒಂದರಿಂದ ಮೂರನೇ ತರಗತಿಯ ಮಕ್ಕಳು ಒಟ್ಟಿಗೇ ಕೂರುತ್ತಾರೆ. ಕಲಿಕಾ ಏಣಿಯಲ್ಲಿ ಒಬ್ಬೊಬ್ಬರದು ಒಂದೊಂದು ಮೆಟ್ಟಿಲು, ಯಾರೂ ಇನ್ನೊಬ್ಬರಿಗಾಗಿ ನಿಲ್ಲಬೇಕಿಲ್ಲ. ಹೊಸದಾಗಿ ಬಂದ ಮಗು ಅದೇ ಚಾಪೆಯ ಮೇಲೆ ತನ್ನ ಮೆಟ್ಟಿಲಿನಿಂದ ಶುರು ಮಾಡಬಹುದು. ಇದೇ ಪದ್ಧತಿಯನ್ನು ನಾಲ್ಕು, ಐದಕ್ಕೂ ಭಾಷೆಯ ಮಟ್ಟಿಗೆ ತಂದರೆ ಆ ಹುಡುಗಿ ಮೂರನೇ ಬೆಂಚಿನ ತುದಿಯಲ್ಲಿ ಚಿತ್ರ ತೆಗೆಯಬೇಕಿರಲಿಲ್ಲ. ಮಗುವನ್ನು ಹೊರಗೆ ಕರೆಯುವ ಬದಲು ಇನ್ನೊಬ್ಬ ಶಿಕ್ಷಕರನ್ನು ಒಳಗೆ ಕಳಿಸಿ ಎಂದು ಕೇಳೋಣ. ಕಾಯ್ದೆ ಕೊಟ್ಟ ವಿಶೇಷ ತರಬೇತಿಯನ್ನು ನಾನು ಬೇಡ ಎನ್ನುತ್ತಿಲ್ಲ. ಅದಕ್ಕೆ ಬೇರೆ ಗೋಡೆ ಬೇಡ ಎನ್ನುತ್ತೇನೆ.

ಅಕ್ಕೋರ ಕತೆಯಲ್ಲೇ ನನ್ನ ವಾದವೂ ಇದೆ. ಹಾತ, ನಾಕ, ಕಾನ, ಘರ: ಈ ಶಬ್ದಗಳು ಅಕ್ಕೋರೊಬ್ಬರ ಸೊತ್ತಲ್ಲ. ಆ ತರಗತಿಯಲ್ಲಿ ಮನೆಯಲ್ಲಿ ಕೊಂಕಣಿ ಆಡುವ ಮಕ್ಕಳು ಎಷ್ಟಿದ್ದರೋ ಅಷ್ಟು ಜನ ಶಿಕ್ಷಕರು ಅವಳಿಗೆ ಅಲ್ಲೇ ಕೂತಿದ್ದರು. ಅವರಿಗೆ ಆ ಕೆಲಸ ಕೊಡಲು ನಮಗೆ ಹೊಳೆಯಲಿಲ್ಲ. ನನ್ನ ಶಾಲೆಯ ಅಂಗಳದಲ್ಲಿ ಕುಂಟಾಬಿಲ್ಲೆ ಆಡುತ್ತ ಹೊರರಾಜ್ಯದ ಹುಡುಗಿಯೊಬ್ಬಳು ಒಂದರಿಂದ ಹತ್ತು ಎಣಿಸಲು ಕಲಿತಳು, ನಾನು ಹತ್ತಿರವೂ ಹೋಗಿರಲಿಲ್ಲ. ‘ನಂದು’, ‘ಔಟು’, ‘ಮೋಸ’ ಎನ್ನುವುದನ್ನೂ ಅಲ್ಲೇ ಕಲಿತಳು. ಜಗಳವಾಡಲು ಬಂದ ಮೇಲೆ ಪಾಠಕ್ಕೆ ಕೈ ಎತ್ತಲು ಅವಳಿಗೆ ಹೆಚ್ಚು ದಿನ ಹಿಡಿಯಲಿಲ್ಲ.

ಕಾಗದದ ಮಾತನ್ನು ಅಕ್ಕೋರು ಎತ್ತಲೇ ಇಲ್ಲ. ಇಲ್ಲಿ ಮಕ್ಕಳು ಸೋಲುವುದು ಹೆಚ್ಚಾಗಿ ಅಲ್ಲಿಯೇ. ಹಿಂದಿನ ಶಾಲೆಯ ಟಿಸಿ ಇಲ್ಲ, ಆಧಾರಿನಲ್ಲಿ ಹೆಸರು ಬೇರೆ, ಶಾಲಾ ಮಕ್ಕಳ ಆನ್‌ಲೈನ್ ದಾಖಲೆಯಾದ ಸ್ಯಾಟ್ಸ್‌ನಲ್ಲಿ ಮಗು ಇನ್ನೂ ಹಳೆಯ ಶಾಲೆಯಲ್ಲೇ ಇದೆ. ‘ಟಿಸಿ ತನ್ನಿ, ಆಮೇಲೆ ನೋಡೋಣ’ ಎಂದರೆ ಕೂಲಿಯ ತಂದೆ ಮತ್ತೆ ಬರುವುದಿಲ್ಲ. ಟಿಸಿ ತಡವಾಯಿತೆಂದು ಪ್ರವೇಶ ತಡಮಾಡುವಂತಿಲ್ಲ ಎಂದು ಐದನೇ ಕಲಮು ಹೇಳುತ್ತದೆ. ವಯಸ್ಸಿನ ದಾಖಲೆ ಇಲ್ಲವೆಂದು ನಿರಾಕರಿಸುವಂತಿಲ್ಲ ಎಂದು ಹದಿನಾಲ್ಕನೆಯದು. ವಲಸೆ ಕುಟುಂಬದ ಮಕ್ಕಳನ್ನು ಸೇರಿಸುವುದು ಸ್ಥಳೀಯ ಪ್ರಾಧಿಕಾರದ ಕರ್ತವ್ಯ ಎಂದು ಒಂಬತ್ತನೆಯದು. ಬೇರೆ ತರಗತಿಗಾಗಿ ಹಾಕುವ ದುಡ್ಡು, ದುಡಿಮೆಯನ್ನು ಇದಕ್ಕೆ ಹಾಕಿ: ಕೊಯ್ಲಿನ ಹೊತ್ತಿಗೆ ತೋಟದ ಬಿಡಾರಗಳಿಗೆ, ಬಂದರಿನ ಶೆಡ್ಡುಗಳಿಗೆ ಒಬ್ಬರು ಹೋಗಿ ಮಕ್ಕಳನ್ನು ಕೇಳಿಕೊಂಡು ಬರಲಿ, ಹಾಗೆಯೇ ಹೊರಡುವ ಮಗುವಿನ ಕೈಗೆ ಅವನು ಎಲ್ಲಿಯವರೆಗೆ ಕಲಿತ ಎಂದು ಬರೆದ ಒಂದು ಹಾಳೆ ಕೊಟ್ಟು ಕಳಿಸಲಿ.

ಮೊದಲ ತಿಂಗಳು ಮಾತಿಲ್ಲದ ಮಗು ಎಲ್ಲರ ನಡುವೆ ಕೂತು ನರಳುತ್ತದೆ ಎನ್ನುವುದನ್ನು ನಾನು ಅಲ್ಲಗಳೆಯುವುದಿಲ್ಲ. ಅದಕ್ಕೆ ನನ್ನ ಬಳಿ ಪೂರ್ತಿ ಉತ್ತರವೂ ಇಲ್ಲ. ನವೆಂಬರಿಗೆ ಕೊನೆ ಕೊಯ್ಲು ಶುರುವಾಗುತ್ತದೆ, ಬಿಡಾರಗಳು ತುಂಬುತ್ತವೆ. ಅಕ್ಕೋರು ಮಾಡಿಟ್ಟ ಆ ಪದಪಟ್ಟಿಯ ಒಂದು ಪ್ರತಿ ನನಗೆ ಬೇಕು. ಕಾರವಾರದಿಂದ ಹೊರಡುವ ಶಿರಸಿ ಬಸ್ಸಿನ ಕಂಡಕ್ಟರ ಕೈಯಲ್ಲಿ ಕೊಟ್ಟರೂ ಸಾಕು, ಸ್ಟ್ಯಾಂಡಿಗೆ ಹೋಗಿ ಇಸಿದುಕೊಳ್ಳುತ್ತೇನೆ. ಅದನ್ನು ತರಗತಿಯ ಗೋಡೆಗೇ ಅಂಟಿಸುತ್ತೇನೆ, ಎಲ್ಲ ಮಕ್ಕಳಿಗೂ ಕಾಣುವ ಹಾಗೆ.